ಸಟವಿಯ ಲೆಕ್ಕಣಿಕೆ: ಜನಪದ ಕಥಾಲೋಕದ ಒಬ್ಬ ಲಿಪಿಕಾರ್ತಿಯನ್ನು ಕುರಿತು

ಜನಪದ ಸಾಹಿತ್ಯವನ್ನು ಬಾಯಿಂದ ಬಾಯಿಗೆ ಸಾಗಿ ಬಂದ ಸಾಹಿತ್ಯವೆಂದು ವ್ಯಾಖ್ಯಾನಿಸುವ ರೂಢಿ ನಮ್ಮಲ್ಲಿ ಬಲವಾಗಿದೆ. ವ್ಯಾಖ್ಯೆ ತಪ್ಪಲ್ಲ. ಆದರೆ ಅದರ ಬೆನ್ನಿಗೆ ಒಂದು ಪೂರ್ವಗ್ರಹವೂ ಸಂಶೋಧನೆಯೊಳಗೆ ಸೇರಿಕೊಂಡಿದೆ. ಅಕ್ಷರವನ್ನು ಅರಿಯದವರು ಅಕ್ಷರದ ಬಗೆಗೆ ವಿಶೇಷವಾಗಿ ಏನನ್ನೂ ಆಲೋಚಿಸಿರಲಾರರು ಎಂಬುದೇ ಆ ಪೂರ್ವಗ್ರಹ. ವಾಸ್ತವವಾಗಿ ನಮ್ಮ ಕಥೆಗಾರ್ತಿಯರು ಕಟ್ಟಿಕೊಂಡ ಅದ್ಭುತ ಲೋಕದಲ್ಲಿ ರಾಕ್ಷಸರು, ಮಾತನಾಡುವ ಗಿಳಿಗಳು, ಏಳು ಸಮುದ್ರದಾಚೆಯ ರಾಜಕುಮಾರಿಯರು ಇರುವಂತೆಯೇ ಒಬ್ಬ ಲಿಪಿಕಾರ್ತಿಯೂ ಇದ್ದಾಳೆ. ಆಕೆಯ ಉದ್ಯೋಗವೇ ಬರೆಯುವುದು. ಬರೆಯುವುದನ್ನು ಬಿಟ್ಟರೆ ಆಕೆಗೆ ಬೇರೆ ಕೆಲಸವಿಲ್ಲ. ಆಕೆ ಸಟವಿ. ಸೆಟವಿ, ಸೆಟಿಗೆವ್ವ ಎಂಬ ರೂಪಗಳೂ ಉತ್ತರ ಕರ್ನಾಟಕದಲ್ಲಿ ಬಳಕೆಯಲ್ಲಿವೆ. ಹುಟ್ಟಿದ ಕೂಸಿನ ಹಣೆಯ ಮೇಲೆ ಅದರ ಬದುಕನ್ನು ಬರೆದು ಹೋಗುವ ತಾಯಿ ಆಕೆ.

ಹಾನಗಲ್ಲ, ಶಿಗ್ಗಾವಿ, ಸವಣೂರು ಮತ್ತು ಹಿರೇಕೆರೂರು ಪರಿಸರವನ್ನು ಕಣ್ಣಮುಂದಿಟ್ಟುಕೊಂಡು ಈ ಲಿಪಿಕಾರ್ತಿಯ ಕೆಲಸದ ಸ್ವರೂಪವನ್ನು ಪರಿಶೀಲಿಸುವುದು ಪ್ರಸ್ತುತ ಲೇಖನದ ಉದ್ದೇಶ. 1997ರಲ್ಲಿ ಧಾರವಾಡ ಜಿಲ್ಲೆಯಿಂದ ಬೇರ್ಪಟ್ಟ ಹಾವೇರಿ ಜಿಲ್ಲೆಗೆ ಸೇರಿದ ಈ ಪ್ರದೇಶವನ್ನು ಆರಿಸಿಕೊಳ್ಳಲು ಕಾರಣವಿದೆ. ಹಾನಗಲ್ಲ ಕದಂಬರ ಶಾಸನಗಳು, ಬಂಕಾಪುರದ ಜೈನ ವಿದ್ಯಾಪರಂಪರೆ, ಅಬ್ಬಲೂರಿನ ಶಿಲಾಲೇಖಗಳು, ಸವಣೂರು ನವಾಬರ ದಫ್ತರು ಇವೆಲ್ಲ ಒಂದೇ ಸೀಮೆಯಲ್ಲಿವೆ. ಬರಹವು ಕಣ್ಣಿಗೆ ಬೀಳುವಂತೆ ನಿಂತಿದ್ದರೂ ಬಹುಪಾಲು ಜನರಿಗೆ ಅದನ್ನು ಓದುವ ಅವಕಾಶವಿಲ್ಲದಿದ್ದ ನಾಡು ಇದು. ಸಟವಿಯ ಕಲ್ಪನೆಯನ್ನು ಇಂಥ ನಾಡಿನೊಳಗಿಟ್ಟು ನೋಡಿದಾಗ, ಅದನ್ನು ಬರಿಯ ‘ವಿಧಿನಂಬಿಕೆ’ಯೆಂದು ವರ್ಗೀಕರಿಸಿ ಮುಂದೆ ಸಾಗುವುದು ಕಷ್ಟವಾಗುತ್ತದೆ.

ಮೊದಲು ಆಚರಣೆಯನ್ನು ಗಮನಿಸಬಹುದು. ಹೆರಿಗೆಯಾದ ಐದನೆಯ ಅಥವಾ ಆರನೆಯ ರಾತ್ರಿ ಬಾಣಂತಿಯ ಕೋಣೆಯಲ್ಲಿ ದೀಪ ಆರದಂತೆ ನೋಡಿಕೊಳ್ಳುತ್ತಾರೆ. ಹಿರಿಯ ಹೆಂಗಸರು ಎಚ್ಚರವಿರುತ್ತಾರೆ. ಕೂಸಿನ ತಲೆದೆಸೆಯಲ್ಲಿ ಒಂದು ಖಾಲಿ ಹಾಳೆಯನ್ನೂ ಲೆಕ್ಕಣಿಕೆಯನ್ನೂ ಇಡುತ್ತಾರೆ. ನಡುರಾತ್ರಿ ಸಟವಿ ಬಂದು ಬರೆಯುತ್ತಾಳೆ. ಬರೆಯುವಾಗ ಆಕೆಯನ್ನು ಯಾರೂ ನೋಡಬಾರದು. ಮಹಾರಾಷ್ಟ್ರದಲ್ಲಿ ಸಟವಾಯಿ ಎಂಬ ಹೆಸರಿನಲ್ಲಿ ಇದೇ ದೇವಿ, ಹೆಚ್ಚುಕಡಿಮೆ ಇದೇ ಆಚರಣೆ ಕಂಡುಬರುತ್ತದೆ. ‘ಷಷ್ಠಿ’ ಎಂಬ ಸಂಸ್ಕೃತ ಶಬ್ದವೇ ಪ್ರಾಕೃತದ ಹಾದಿಯಲ್ಲಿ ಸವೆದು ಈ ರೂಪ ತಾಳಿತೆಂಬುದು ವಿದ್ವಾಂಸರ ಸಾಮಾನ್ಯ ಅಭಿಪ್ರಾಯ. ಷಷ್ಠೀದೇವಿ ಗ್ರಂಥಸ್ಥ ಪರಂಪರೆಗೂ ಹೊಸಬಳಲ್ಲ. ಕಾಶ್ಯಪಸಂಹಿತೆಯಲ್ಲಿ ಆಕೆ ಸ್ಕಂದನ ಪರಿವಾರಕ್ಕೆ ಸೇರಿದವಳು, ಶಿಶುರೋಗಗಳೊಡನೆ ಸಂಬಂಧವುಳ್ಳವಳು. ಬಾಣನ ಕಾದಂಬರಿಯ ಸೂತಿಕಾಗೃಹದ ವರ್ಣನೆಯಲ್ಲಿಯೂ ಆಕೆಯ ಆಕೃತಿಯ ಉಲ್ಲೇಖವಿದೆ. ಆದರೆ ಅಲ್ಲಿ ಪ್ರಧಾನವಾಗಿ ಕಾಣುವುದು ಕಾಯುವ ಅಥವಾ ಕಾಡುವ ಷಷ್ಠಿ. ನಮ್ಮ ಹೆಂಗಸರು ಆಕೆಯ ಕೈಗೆ ಲೆಕ್ಕಣಿಕೆ ಕೊಟ್ಟು ದುಡಿಯಲು ಹಚ್ಚಿದ್ದಾರೆ.

ಹಾನಗಲ್ಲ ತಾಲೂಕಿನ ಒಂದು ಮನೆಯಲ್ಲಿ ಈ ಆಚರಣೆಯನ್ನು ನೋಡುವ ಅವಕಾಶ ನನಗೆ ದೊರೆತಿತ್ತು. ಹಾಳೆಯೆಂದರೆ ಶಾಲೆಯ ನೋಟುಬುಕ್ಕಿನಿಂದ ಹರಿದದ್ದು. ಲೆಕ್ಕಣಿಕೆಯೆಂದರೆ ಬಾಲ್ ಪೆನ್ನು. ಸೊಸೆ ಪೆನ್ನನ್ನು ಹಾಗೆಯೇ ಇಟ್ಟಾಗ ಅತ್ತೆ ತಡೆದು, “ಮುಚ್ಚಳಾ ತಗದ ಇಡವಾ, ಆಕಿಗೆ ತಗೀಲಿಕ್ಕ ಬರತೈತೋ ಇಲ್ಲೋ” ಎಂದರು. ಯಾರೂ ನಗಲಿಲ್ಲ. ಆ ಮಾತಿನಲ್ಲಿ ಭಯಕ್ಕಿಂತ ಉಪಚಾರದ ದನಿಯಿತ್ತು. ದೂರದ ಊರಿನಿಂದ ಕೆಲಸಕ್ಕೆಂದು ಬಂದ ಒಬ್ಬ ಹೆಣ್ಣುಮಗಳಿಗೆ ತೋರುವ ಉಪಚಾರ ಅದು. ಸಟವಿಯನ್ನು ಕುರಿತ ಬರವಣಿಗೆಯಲ್ಲಿ ನನಗೆ ಕಾಣದೆ ಹೋದದ್ದು ಈ ಧ್ವನಿಯೇ.

ವಿಧಿಯನ್ನು ಕುರಿತ ನಂಬಿಕೆಗಳನ್ನು ನಮ್ಮ ಅಧ್ಯಯನಗಳು ಸಾಮಾನ್ಯವಾಗಿ ಎರಡು ರೀತಿಯಲ್ಲಿ ನಿರ್ವಹಿಸಿವೆ. ಒಂದು ಆಶಯಸೂಚಿಯ ರೀತಿ. ಸ್ಟಿತ್ ಥಾಮ್ಸನ್ನನ ಸೂಚಿಯಲ್ಲಿ ‘ತಪ್ಪಿಸಲಾಗದ ವಿಧಿ’ಗೆ ಎನ್ 101 ಎಂಬ ಸಂಖ್ಯೆ ಇದೆ, ಆ ಸಂಖ್ಯೆ ಹಾಕಿದೊಡನೆ ಕೆಲಸ ಮುಗಿಯಿತೆಂಬ ಸಮಾಧಾನ ದೊರೆಯುತ್ತದೆ. ಇನ್ನೊಂದು ಸುಧಾರಣಾವಾದಿ ರೀತಿ. ವಿಧಿಯ ಮೇಲೆ ಭಾರ ಹಾಕಿ ಜನ, ಅದರಲ್ಲೂ ಹೆಂಗಸರು, ಅನ್ಯಾಯವನ್ನು ಸಹಿಸಿಕೊಳ್ಳುವಂತೆ ಈ ನಂಬಿಕೆ ಮಾಡಿತು ಎಂಬುದು ಅದರ ವಾದ. ಎರಡನೆಯ ವಾದವನ್ನು ನಾನು ಹಗುರವಾಗಿ ಕಾಣುವುದಿಲ್ಲ. ಎಳೆಯ ಹುಡುಗಿಯನ್ನು ಮುದುಕನಿಗೆ ಕೊಟ್ಟ ತಂದೆಯೂ ‘ಆಕಿ ಹಣೇಬಾರ’ ಎಂದೇ ಹೇಳಿದ್ದಾನೆ. ಆದರೆ ಅದೇ ಮಾತನ್ನು ಬೇರೆ ಬಾಯಿಯಿಂದ ಕೇಳಿದಾಗ ಅದರ ಕೆಲಸ ಬೇರೆಯಾಗುತ್ತದೆ ಎಂಬುದನ್ನು ಈ ವಾದ ಗಮನಿಸುವುದಿಲ್ಲ.

ಆರನೆಯ ರಾತ್ರಿ ಎಂಬುದು ಕಲ್ಪನೆಯ ಗಡಿಯಷ್ಟೇ ಆಗಿರಲಿಲ್ಲ. ಹೊಕ್ಕುಳ ಬಳ್ಳಿಯನ್ನು ಕೊಯ್ಯುವ ಆಯುಧದಿಂದಲೋ, ಅದಕ್ಕೆ ಹಚ್ಚುವ ವಸ್ತುವಿನಿಂದಲೋ ತಗಲುವ ಧನುರ್ವಾಯು ನವಜಾತ ಶಿಶುಗಳಲ್ಲಿ ಹೆಚ್ಚಾಗಿ ಮೊದಲ ವಾರದ ಕೊನೆಯ ಹೊತ್ತಿಗೆ ಕಾಣಿಸಿಕೊಳ್ಳುತ್ತದೆ. ಚೆನ್ನಾಗಿ ಹಾಲು ಕುಡಿಯುತ್ತಿದ್ದ ಕೂಸು ಐದಾರು ದಿನಕ್ಕೆ ಬಾಯಿ ಬಿಗಿದು ಹಾಲು ಬಿಡುತ್ತದೆ, ಮೈ ಸೆಟೆಯುತ್ತದೆ. ಕೂಸು ಉಳಿಯುವುದೋ ಇಲ್ಲವೋ ಎಂಬುದು ತಿಳಿಯುತ್ತಿದ್ದದ್ದು ಆ ರಾತ್ರಿಗಳಲ್ಲಿಯೇ. ಭಾರತದಲ್ಲಿ ತಾಯಿ ಮತ್ತು ನವಜಾತ ಶಿಶುಗಳ ಧನುರ್ವಾಯು ನಿರ್ಮೂಲನೆಯಾಯಿತೆಂದು, ಅಂದರೆ ಪ್ರತಿ ಜಿಲ್ಲೆಯಲ್ಲಿಯೂ ಸಾವಿರ ಸಜೀವ ಜನನಗಳಿಗೆ ಒಂದಕ್ಕಿಂತ ಕಡಿಮೆ ಪ್ರಕರಣಗಳಿವೆಯೆಂದು, ದೃಢಪಟ್ಟದ್ದು 2015ರಲ್ಲಿ. ಅದಕ್ಕೆ ಹಿಂದಿನ ಶತಮಾನಗಳಲ್ಲಿ ಕೂಸು ಕಳೆದುಕೊಂಡ ಮನೆಯಲ್ಲಿ ಮೊದಲು ಕೇಳಿಬರುತ್ತಿದ್ದ ಪ್ರಶ್ನೆ ಯಾರದು ತಪ್ಪು ಎಂಬುದು. ಬಾಣಂತಿ ಏನು ತಿಂದಳು, ಸೂಲಗಿತ್ತಿಯ ಕೈಗುಣ ಎಂಥದು, ಯಾರ ದೃಷ್ಟಿ ತಗಲಿತು. ಆಗ ‘ಸಟವಿ ಬರೆದದ್ದು ಅಷ್ಟೇ’ ಎಂದು ಒಬ್ಬ ಮುದುಕಿ ಹೇಳಿದರೆ ಆ ಪ್ರಶ್ನೆಗಳೆಲ್ಲ ಅಲ್ಲಿಗೆ ನಿಲ್ಲುತ್ತವೆ. ಹದಿನೆಂಟು ವರ್ಷದ ತಾಯಿಯ ಮೇಲಿನ ಆರೋಪವನ್ನು ಎತ್ತಿ, ಕೈಗೆ ಸಿಗದ ಒಬ್ಬ ಲಿಪಿಕಾರ್ತಿಯ ಮೇಲೆ ಇಡುವ ಮಾತು ಅದು. ತಂದೆಯ ಬಾಯಲ್ಲಿ ತಪ್ಪನ್ನು ಮುಚ್ಚುವ ಮಾತೇ ಮುದುಕಿಯ ಬಾಯಲ್ಲಿ ನಿರಪರಾಧಿಯನ್ನು ಕಾಯುತ್ತದೆ. ನಂಬಿಕೆಯೊಂದರ ಪರಿಣಾಮವನ್ನು ನಿರ್ಧರಿಸುವಾಗ ಮಾತನಾಡಿದವರು ಯಾರೆಂಬುದನ್ನು ಬಿಟ್ಟು ಮಾತನ್ನಷ್ಟೇ ಹಿಡಿದುಕೊಳ್ಳುವುದು ಜಾನಪದ ವಿಧಾನವಾಗಲಾರದು.

ಇನ್ನು ಕಥೆಗಳಿಗೆ ಬರಬಹುದು. ಹಣೆಬರಹದ ಕಥೆಗಳಲ್ಲಿ ವಿಧಿ ಕರ್ತೃವಲ್ಲ, ಲಿಪಿಕಾರ. ಈ ವ್ಯತ್ಯಾಸ ಚಿಕ್ಕದಲ್ಲ. ಎಸ್. ಎಂ. ನಟೇಶ ಶಾಸ್ತ್ರಿಗಳು ಸಂಗ್ರಹಿಸಿ, ಶ್ರೀಮತಿ ಕಿಂಗ್ಸ್‌ಕೋಟ್ ಅವರೊಡನೆ 1890ರಲ್ಲಿ ಪ್ರಕಟಿಸಿದ ‘ಟೇಲ್ಸ್ ಆಫ್ ದಿ ಸನ್’ ಎಂಬ ದಕ್ಷಿಣ ಭಾರತೀಯ ಕಥಾಸಂಕಲನದಲ್ಲಿ ವಿಧಿಯನ್ನು ಗೆದ್ದ ಕಥೆಯೊಂದಿದೆ. ಅಲ್ಲಿ ಬರೆಯುವವನು ಬ್ರಹ್ಮ. ನಮ್ಮ ಕಡೆ ಆ ಸ್ಥಾನ ಸಟವಿಯದು. ಗುರುಪತ್ನಿಯ ಹೆರಿಗೆಯ ರಾತ್ರಿ ಬಾಗಿಲು ಕಾಯುತ್ತಿದ್ದ ಶಿಷ್ಯನು ಒಳಹೋಗುತ್ತಿದ್ದ ಬ್ರಹ್ಮನನ್ನು ತಡೆದು ಕೇಳುತ್ತಾನೆ. ಬ್ರಹ್ಮನ ಉತ್ತರ ಗಮನಾರ್ಹವಾದದ್ದು. ಏನು ಬರೆಯುತ್ತೇನೆಂದು ನನಗೇ ತಿಳಿಯದು, ಕೂಸಿನ ತಲೆಯ ಮೇಲೆ ಕಂಠವನ್ನು ಊರುತ್ತೇನೆ, ಹಿಂದಿನ ಜನ್ಮದ ಕರ್ಮಕ್ಕೆ ತಕ್ಕಂತೆ ಅದು ತಾನೇ ಬರೆಯುತ್ತದೆ ಎಂಬುದು ಅದರ ತಾತ್ಪರ್ಯ.

ಹಸ್ತಪ್ರತಿಗಳ ಪರಿಚಯವಿರುವವರಿಗೆ ಈ ಉತ್ತರ ಹೊಸದೆನಿಸದು. ಪ್ರತಿಕಾರರು ಓಲೆಗರಿಯ ಕೊನೆಯಲ್ಲಿ ಸೇರಿಸುತ್ತಿದ್ದ ಮಾತೂ ಇದೇ ಜಾತಿಯದು: ಮೂಲದಲ್ಲಿ ಕಂಡಂತೆ ಬರೆದಿದ್ದೇನೆ, ತಪ್ಪಿದ್ದರೆ ಅದು ನನ್ನದಲ್ಲ; ಬೆನ್ನು ಬಾಗಿಸಿ, ಕತ್ತು ಬಗ್ಗಿಸಿ, ಕಣ್ಣು ನೆಟ್ಟು ಬರೆದದ್ದು, ಜೋಪಾನ ಮಾಡಿರಿ. ಶಾಸನಗಳಲ್ಲಿಯೂ ಶ್ರಮವಿಭಜನೆ ಸ್ಪಷ್ಟವಾಗಿದೆ. ದಾನ ಕೊಟ್ಟವನು ಒಬ್ಬ, ಪಾಠವನ್ನು ರಚಿಸಿದವನು ಇನ್ನೊಬ್ಬ, ಕಲ್ಲಿನ ಮೇಲೆ ಬರೆದವನು ಮತ್ತೊಬ್ಬ, ಕಂಡರಿಸಿದವನು ಬೇರೊಬ್ಬ. ಬರೆದವನು ಎಷ್ಟೋ ಸಲ ಊರ ಸೇನಬೋವ. ದತ್ತಿಯ ಮೇಲೆ ಅವನಿಗೆ ಅಧಿಕಾರವಿಲ್ಲ. ಆದರೆ ಅವನ ಕೈಯಿಂದ ಹಾದುಹೋಗದೆ ದತ್ತಿ ದತ್ತಿಯಾಗುವುದಿಲ್ಲ. ಸಟವಿಯ ಸ್ಥಾನ ಇದಕ್ಕೆ ತೀರ ಸಮೀಪವಾದದ್ದು. ಆಕೆಯ ಹಿಂದೆ ಕರ್ಮವೆಂಬ ಮೂಲಪ್ರತಿ ಇದೆ. ಆಕೆ ನಕಲು ಮಾಡುತ್ತಾಳೆ. ಜಗತ್ತಿನ ಅತ್ಯುನ್ನತ ಶಕ್ತಿಯನ್ನು ಕಲ್ಪಿಸಿಕೊಳ್ಳುವಾಗ ನಮ್ಮ ಜನ ಕವಿಯನ್ನೋ ಅರಸನನ್ನೋ ಮಾದರಿಯಾಗಿ ಹಿಡಿಯದೆ ಊರ ಸೇನಬೋವನನ್ನು ಹಿಡಿದರು ಎಂಬುದು ನನ್ನ ಊಹೆ. ಊಹೆಯನ್ನು ಸಾಧಿಸಿ ತೋರುವ ಲಿಖಿತ ಪ್ರಮಾಣ ಸಿಗುವಂಥದಲ್ಲ. ಆದರೆ ಕಥೆಗಳ ನಡೆ ಇದನ್ನೇ ಸಮರ್ಥಿಸುತ್ತದೆ.

ಮೇಲೆ ಹೇಳಿದ ಕಥೆಯ ಮುಂದಿನ ಭಾಗವನ್ನೇ ನೋಡಿರಿ. ಗುರುವಿನ ಮಗನ ಹಣೆಯಲ್ಲಿ ಒಂದು ಎಮ್ಮೆ, ಒಂದು ಚೀಲ ಅಕ್ಕಿ, ಬದುಕೆಲ್ಲ ಅಷ್ಟೇ. ಮಗಳ ಹಣೆಯಲ್ಲಿ ಮೈ ಮಾರಿಕೊಳ್ಳುವ ಬಾಳು. ವರ್ಷಗಳ ಮೇಲೆ ಶಿಷ್ಯನು ಮರಳಿ ಬಂದು ನೋಡಿದರೆ ಬರೆದದ್ದು ಬರೆದಂತೆಯೇ ನಡೆದಿದೆ. ಅವನು ಮಗನಿಗೆ ಹೇಳುತ್ತಾನೆ: ಇಂದೇ ಎಮ್ಮೆ ಮಾರು, ಅಕ್ಕಿಯನ್ನು ಬೇಯಿಸಿ ಬಡವರಿಗೆ ಹಾಕು, ನಾಳೆಗೆ ಏನನ್ನೂ ಉಳಿಸಬೇಡ. ಮರುದಿನ ಬೆಳಿಗ್ಗೆ ಕೊಟ್ಟಿಗೆಯಲ್ಲಿ ಮತ್ತೊಂದು ಎಮ್ಮೆ, ಮತ್ತೊಂದು ಚೀಲ ಅಕ್ಕಿ. ಏಕೆಂದರೆ ಅವನ ಬಳಿ ಒಂದು ಎಮ್ಮೆ ಇರತಕ್ಕದ್ದು ಎಂದು ಬರೆದಾಗಿದೆ. ಬರೆದದ್ದನ್ನು ನಿಜ ಮಾಡುವ ಹೊಣೆ ಬರೆದವನ ಮೇಲೆ ಬೀಳುತ್ತದೆ. ಕಥೆಯ ಕೊನೆಗೆ ನಸುಕಿನಲ್ಲಿ ಶಿಷ್ಯನಿಗೆ ದಾರಿಯಲ್ಲಿ ಎದುರಾಗುವವನು ಸ್ವತಃ ಬ್ರಹ್ಮ: ಅಕ್ಕಿಯ ಚೀಲ ಹೊತ್ತು, ಎಮ್ಮೆ ಹೊಡೆದುಕೊಂಡು, ಮುತ್ತಿನ ಗಂಟಿನೊಡನೆ ಬರುತ್ತಿದ್ದಾನೆ, ನನ್ನನ್ನು ಈ ತೊಂದರೆಯಿಂದ ಬಿಡಿಸು ಎಂದು ಬೇಡಿಕೊಳ್ಳುತ್ತಾನೆ. ಲಿಪಿಕಾರ ಹಮಾಲನಾಗಿದ್ದಾನೆ.

ಇಲ್ಲಿ ವಿಧಿ ತಪ್ಪಿಲ್ಲ. ಒಂದು ಅಕ್ಷರವೂ ಅಳಿದಿಲ್ಲ. ಬರಹವನ್ನು ಅಕ್ಷರಶಃ ಪಾಲಿಸುವ ಮೂಲಕವೇ ಅದರ ಅರ್ಥವನ್ನು ತಲೆಕೆಳಗು ಮಾಡಲಾಗಿದೆ. ಇದು ಕಾಗದಪತ್ರದ ವ್ಯವಹಾರ ಬಲ್ಲವರ ಜಾಣ್ಮೆ. ಪತ್ರದಲ್ಲಿ ಇಲ್ಲದ್ದನ್ನು ಕೇಳಲಾಗದು, ಇರುವುದನ್ನು ನಿರಾಕರಿಸಲಾಗದು ಎಂಬ ನಿಯಮವನ್ನು ಪ್ರಬಲನ ವಿರುದ್ಧ ತಿರುಗಿಸುವ ಜಾಣ್ಮೆ. ‘ತಪ್ಪಿಸಲಾಗದ ವಿಧಿ’ ಎಂಬ ಆಶಯಸಂಖ್ಯೆಯ ಕೆಳಗೆ ಈ ಕಥೆಯನ್ನು ಸೇರಿಸಿದರೆ ವರ್ಗೀಕರಣ ಸರಿಯಾದೀತು, ಕಥೆ ಕಳೆದುಹೋದೀತು.

ಆದರೆ ಈ ಕಥೆಯ ಇನ್ನೊಂದು ಅರ್ಧದ ಬಗೆಗೆ ನನಗೆ ಅಷ್ಟು ಮೆಚ್ಚಿಕೆಯಿಲ್ಲ. ಬಾಗಿಲಿಗೆ ಬಂದವನಲ್ಲಿ ಭಾರಿ ಪ್ರಮಾಣದ ಉತ್ತಮ ಮುತ್ತುಗಳನ್ನು ಕೇಳು ಎಂದು ಶಿಷ್ಯನು ಮಗಳಿಗೆ ಕಲಿಸುತ್ತಾನೆ. ಅಷ್ಟು ಮುತ್ತು ತರಬಲ್ಲವನು ಬ್ರಹ್ಮನೊಬ್ಬನೇ ಆದ್ದರಿಂದ ಬೇರೆ ಯಾರೂ ಬರುವುದಿಲ್ಲ. ಮಗನ ವಿಷಯದಲ್ಲಿ ಬರಹ ಅವನ ಆಸ್ತಿಯನ್ನು ಕುರಿತದ್ದು. ಆಸ್ತಿಯನ್ನು ಮಾರಬಹುದು, ಹಂಚಬಹುದು. ಮಗಳ ವಿಷಯದಲ್ಲಿ ಬರಹ ಆಕೆಯ ಮೈಯನ್ನು ಕುರಿತದ್ದು. ಜಾಣ್ಮೆಯು ಆಕೆಯನ್ನು ಅನೇಕರಿಂದ ಬಿಡಿಸಿ ಒಬ್ಬನ ಪಾಲಿಗೆ ತಂದಿತೇ ಹೊರತು ಆ ಷರತ್ತಿನಿಂದ ಬಿಡಿಸಲಿಲ್ಲ. ಈ ಕಥೆಯನ್ನು ಗಂಡು ಹೇಳುವುದಕ್ಕೂ ಹೆಣ್ಣು ಹೇಳುವುದಕ್ಕೂ ಇರುವ ವ್ಯತ್ಯಾಸವನ್ನು ಯಾರಾದರೂ ಪಾಠಗಳನ್ನು ಹೋಲಿಸಿ ತೋರಿಸಬೇಕಾಗಿದೆ. ಎಮ್ಮೆಯ ಭಾಗಕ್ಕೆ ಕೇಳುಗರು ನಗುತ್ತಾರೆ. ಮಗಳ ಭಾಗಕ್ಕೆ ಬಂದಾಗ ಆ ನಗೆ ಉಳಿಯುತ್ತದೆಯೇ?

ಬರೆಯುವವಳು ಹೆಣ್ಣಾದಾಗ ಕಥೆಯ ತೂಕವೇ ಬದಲಾಗುತ್ತದೆ. ಇರಾವತಿ ಕರ್ವೆಯವರು 1950ರಲ್ಲಿ ‘ಮ್ಯಾನ್’ ಪತ್ರಿಕೆಯಲ್ಲಿ ಪ್ರಕಟಿಸಿದ ಮರಾಠಿ ಕಥೆಯಲ್ಲಿ ಸಟವಾಯಿಗೆ ಒಬ್ಬ ಮಗಳಿದ್ದಾಳೆ. ಎಲ್ಲರ ಹಣೆಯಲ್ಲಿಯೂ ಬರೆಯುವ ತಾಯಿಯನ್ನು ಮಗಳು, ನನ್ನ ಹಣೆಯಲ್ಲಿ ಏನಿದೆ ಎಂದು ಕೇಳುತ್ತಾಳೆ. ನೀನು ನಿನ್ನ ಮಗನನ್ನೇ ಮದುವೆಯಾಗುವೆ ಎಂಬುದು ಉತ್ತರ. ತಾಯಿಗೆ ಅದನ್ನು ಅಳಿಸಲು ಬಾರದು. ಮಗಳು ಗಂಡಸರ ಮುಖ ನೋಡದೆ ಕಾಡಿನಲ್ಲಿದ್ದರೂ ಬರಹ ಬೆನ್ನು ಬಿಡುವುದಿಲ್ಲ. ಎ. ಕೆ. ರಾಮಾನುಜನ್ ಅವರು ಉತ್ತರ ಕರ್ನಾಟಕದಲ್ಲಿ ದಾಖಲಿಸಿ, ‘ದಿ ಇಂಡಿಯನ್ ಈಡಿಪಸ್’ ಲೇಖನದಲ್ಲಿ ಚರ್ಚಿಸಿದ ಕನ್ನಡ ಪಾಠದಲ್ಲಿಯೂ ಇದೇ ಹಂದರವಿದೆ. ಎಟಿಯು ವರ್ಗಸೂಚಿಯಲ್ಲಿ 931ನೆಯ ಸಂಖ್ಯೆಯ ಈಡಿಪಸ್ ಕಥೆಯೇ ಇಲ್ಲಿ ಮಗನ ಬದಲು ತಾಯಿಯ ಕಡೆಯಿಂದ ಹೇಳಲ್ಪಟ್ಟಿದೆ ಎಂಬುದನ್ನು ರಾಮಾನುಜನ್ ಗುರುತಿಸಿದರು. ಕನ್ನಡ ಪಾಠದ ಕೊನೆಗೆ ಆ ಹೆಣ್ಣು ತೊಟ್ಟಿಲ ಕೂಸನ್ನು ಮಗನೆಂದೂ ಮೊಮ್ಮಗನೆಂದೂ ಗಂಡನ ತಮ್ಮನೆಂದೂ ಕರೆದು ಜೋಗುಳ ಹಾಡಿ, ಬಳಿಕ ನೇಣು ಹಾಕಿಕೊಳ್ಳುತ್ತಾಳೆ. ಕರ್ವೆಯವರ ಪಾಠದಲ್ಲಿ ಹಾಗಿಲ್ಲ: ಆಕೆ ಬರೆದದ್ದನ್ನು ಒಪ್ಪಿಕೊಂಡು ಸುಖವಾಗಿ ಬಾಳುತ್ತಾಳೆ.

ಈ ಎರಡು ಮುಕ್ತಾಯಗಳ ನಡುವಿನ ಅಂತರವನ್ನು ಪಾಠಾಂತರವೆಂದು ಕರೆದು ಬಿಡಲಾಗದು. ಸಟವಿ ಬರೆದದ್ದು ಮದುವೆಯನ್ನು, ಸಾವನ್ನಲ್ಲ. ಲಿಪಿಕಾರ್ತಿ ನಿಲ್ಲಿಸಿದ ಜಾಗದಿಂದ ಮುಂದಿನದು ಆ ಹೆಣ್ಣಿನ ತೀರ್ಮಾನ. ಮತ್ತು ಆ ತೀರ್ಮಾನದ ಬಗೆಗೆ ಕಥೆ ಹೇಳುವ ಹೆಂಗಸರೊಳಗೇ ಒಮ್ಮತವಿಲ್ಲ. ಹಣೆಬರಹ ಎಲ್ಲವನ್ನೂ ಹೇಳಿ ಮುಗಿಸುತ್ತದೆಂದು ಈ ಕಥೆಗಾರ್ತಿಯರು ನಂಬಿದ್ದರೆ ಕೊನೆಯಲ್ಲಿ ಹೀಗೆ ಭಿನ್ನಾಭಿಪ್ರಾಯಕ್ಕೆ ಎಡೆಯೇ ಇರುತ್ತಿರಲಿಲ್ಲ. ಇನ್ನು ತಾಯಿಯಾಗಿ ಸಟವಿಯ ಸ್ಥಿತಿ. ತನ್ನ ಕೈಯಿಂದಲೇ ಮಗಳ ಹಣೆಯಲ್ಲಿ ಬರೆದು, ಅದನ್ನು ಮಗಳಿಗೆ ಓದಿ ಹೇಳಬೇಕಾದವಳು ಆಕೆ. ಹೆಣ್ಣುಮಕ್ಕಳನ್ನು ಕೊಟ್ಟ ಮನೆಗೆ ಕಳುಹಿಸುವಾಗ ತಾಯಂದಿರು ಏನನ್ನು ಹೇಳಿ ಏನನ್ನು ಹೇಳದೆ ಉಳಿಸುತ್ತಾರೆಂಬುದನ್ನು ಬಲ್ಲವರಿಗೆ ಈ ಪ್ರಸಂಗವನ್ನು ವಿವರಿಸಬೇಕಾಗಿಲ್ಲ.

ಸಟವಿಗೆ ಹೋಲಿಸಬಹುದಾದ ಗಂಡು ಲಿಪಿಕಾರ ಚಿತ್ರಗುಪ್ತ. ಆದರೆ ಅವನದು ಖಾತೆ ಪುಸ್ತಕ, ಆದದ್ದನ್ನು ಬರೆಯುತ್ತಾನೆ. ಆಕೆ ಆಗಬೇಕಾದ್ದನ್ನು ಬರೆಯುತ್ತಾಳೆ. ಚಿತ್ರಗುಪ್ತನ ದಫ್ತರದಲ್ಲಿ ತಪ್ಪುಗಳಾಗುತ್ತವೆಂಬುದಕ್ಕೆ ಕಥೆಗಳಿವೆ. ಒಂದೇ ಹೆಸರಿನ ಇಬ್ಬರಲ್ಲಿ ತಪ್ಪು ಮನುಷ್ಯನನ್ನು ಯಮದೂತರು ಎಳೆದೊಯ್ದು, ಲೆಕ್ಕ ನೋಡಿ, ಮರಳಿ ಕಳುಹಿಸುವ ಕಥೆ ಎಲ್ಲರೂ ಕೇಳಿದ್ದೇ. ಸಟವಿ ತಪ್ಪಿ ಬರೆದಳೆಂಬ ಕಥೆ ಮಾತ್ರ ನನಗೆ ಎಲ್ಲಿಯೂ ದೊರೆತಿಲ್ಲ.

ಸಟವಿಯ ಲಿಪಿಯನ್ನು ಓದಬಲ್ಲವರಿಲ್ಲ ಎಂಬುದು ಆಕೆಯ ಕೆಲಸದ ಇನ್ನೊಂದು ಲಕ್ಷಣ. ತಲೆಬುರುಡೆಯ ಎಲುಬುಗಳು ಕೂಡುವೆಡೆಯ ಅಂಕುಡೊಂಕು ಗೆರೆಗಳನ್ನೇ ಬ್ರಹ್ಮಲಿಪಿ ಎಂದು ಜನ ತೋರಿಸುತ್ತಾರೆ. ಗೆರೆ ಕಾಣುತ್ತದೆ, ಓದಲು ಬಾರದು. ಭಾರತದ ಹಲವು ಭಾಷೆಗಳಲ್ಲಿರುವ ಒಂದು ಕಥೆಯಲ್ಲಿ ಪಂಡಿತನೊಬ್ಬನಿಗೆ ಕಡಲ ದಂಡೆಯಲ್ಲಿ ಬುರುಡೆ ಸಿಗುತ್ತದೆ. ಅವನು ಲಿಪಿ ಬಲ್ಲವನು, ಓದುತ್ತಾನೆ. ಬಡತನ, ಸೆರೆ, ಕಡಲ ದಂಡೆಯಲ್ಲಿ ಸಾವು, ಇನ್ನೂ ಮುಂದೆ ಆಗುವುದು ಬೇರೆ ಇದೆ ಎಂಬ ಬರಹ. ಸತ್ತ ಮೇಲೆ ಏನಾದೀತು ಎಂಬ ಕುತೂಹಲದಿಂದ ಬುರುಡೆಯನ್ನು ಮನೆಗೆ ತಂದು ಮುಚ್ಚಿಡುತ್ತಾನೆ. ಗಂಡ ದಿನವೂ ಗುಟ್ಟಾಗಿ ನೋಡುವ ಈ ತಲೆ ಅವನ ಹಳೆಯ ಪ್ರೇಯಸಿಯದಿರಬೇಕೆಂದು ಬಗೆದ ಹೆಂಡತಿ ಅದನ್ನು ಒರಳಿಗೆ ಹಾಕಿ ಕುಟ್ಟಿ ಪುಡಿ ಮಾಡುತ್ತಾಳೆ. ಕೊನೆಯ ಸಾಲು ನಿಜವಾಯಿತು. ಬರಹವನ್ನು ಓದಿದವನ ಕುತೂಹಲವೂ ಓದಲು ಬಾರದವಳ ಸಿಟ್ಟೂ ಕೂಡಿ ಅದನ್ನು ನಡೆಸಿಕೊಟ್ಟವು. ಈ ಕಥೆಯಲ್ಲಿ ಪಂಡಿತನನ್ನು ಕುರಿತ ಪರಿಹಾಸ್ಯವಿದೆ; ನನ್ನಂಥ ಸಂಶೋಧಕರು ಅದನ್ನು ಕೇಳಿ ಸುಮ್ಮನೆ ಕುಳಿತುಕೊಳ್ಳಬೇಕಷ್ಟೇ.

ಓದಲಾಗದ ಲಿಪಿಯಲ್ಲಿ ಬದುಕು ಬರೆಯಲ್ಪಡುವುದು ಈ ಸೀಮೆಯ ರೈತನಿಗೆ ಕಥೆಯ ಮಾತಾಗಿರಲಿಲ್ಲ. ಪೇಶವೆಯರ ಕಾಲದಿಂದ ಮುಂದುವರಿದ ಮರಾಠಿ ಮೋಡಿ ಲಿಪಿ ಇಲ್ಲಿನ ದಫ್ತರಗಳಲ್ಲಿ ಬಹುಕಾಲ ಉಳಿದಿತ್ತು. ಸೇನಬೋವನ ಜಾಗದಲ್ಲಿ ಕುಲಕರ್ಣಿ ಬಂದಿದ್ದ. ಯಾವ ಹೊಲ ಯಾರದು, ಎಷ್ಟು ಬಾಕಿ ಎಂಬುದು ಅವನ ಕೈಬರಹದಲ್ಲಿತ್ತು; ಕನ್ನಡವನ್ನೇ ಓದಲು ಬಾರದವನಿಗೆ ಮೋಡಿಯ ಸುರುಳಿಗಳು ಬುರುಡೆಯ ಗೆರೆಗಳಿಗಿಂತ ಹೆಚ್ಚು ಸ್ಪಷ್ಟವಾಗಿದ್ದಿರಲಾರವು. ಮುಂಬಯಿ ಸರಕಾರದ 1950ರ ಕಾಯಿದೆಯು ಕುಲಕರ್ಣಿ ವತನಗಳನ್ನು ರದ್ದುಪಡಿಸಿತು. ಸವಣೂರು ಸಂಸ್ಥಾನ ಅದಕ್ಕೆ ಎರಡು ವರ್ಷ ಮೊದಲೇ, 1948ರಲ್ಲಿ, ಮುಂಬಯಿ ಪ್ರಾಂತದಲ್ಲಿ ವಿಲೀನವಾಗಿತ್ತು. ಇನ್ನೊಂದೆಡೆ ವ್ಯಾಪಾರಿಗಳು ಮತ್ತು ಲೆಕ್ಕಿಗರು ಬಳಸುತ್ತಿದ್ದ ಕಡತವಿತ್ತು. ಬಟ್ಟೆಗೆ ಹುಣಸೆಬೀಜದ ಸರಿಯನ್ನೂ ಇದ್ದಿಲನ್ನೂ ಬಳಿದು, ಮಡಿಕೆ ಮಾಡಿ, ಬಳಪದಿಂದ ಬರೆಯುವ ಪುಸ್ತಕ ಅದು. ಬರೆದದ್ದನ್ನು ಒರೆಸಿ ಮತ್ತೆ ಬರೆಯಬಹುದು. ಹಣೆಬರಹವನ್ನು ಜನ ಕಡತಕ್ಕೆ ಹೋಲಿಸದೆ ಕಲ್ಲಿನ ಬರಹಕ್ಕೆ ಸಮನೆಂದು ಭಾವಿಸಿದರು. ಒರೆಸಿ ಬರೆಯಬಲ್ಲ ಪುಸ್ತಕ ಯಾರ ಕೈಯಲ್ಲಿತ್ತೆಂಬುದು ಅವರಿಗೆ ತಿಳಿದಿತ್ತು.

ಕಲ್ಲಿನ ಬರಹವೂ ಜಗಳದಿಂದ ಹೊರತಲ್ಲ ಎಂಬುದಕ್ಕೆ ಅಬ್ಬಲೂರು ಸಾಕ್ಷಿ. ಹಿರೇಕೆರೂರು ತಾಲೂಕಿನ ಈ ಊರಿನ ಶಾಸನಗಳನ್ನು ಜೆ. ಎಫ್. ಫ್ಲೀಟ್ ‘ಎಪಿಗ್ರಾಫಿಯಾ ಇಂಡಿಕಾ’ದ ಐದನೆಯ ಸಂಪುಟದಲ್ಲಿ ಪ್ರಕಟಿಸಿದ್ದಾರೆ. ಸುಮಾರು 1200ರದೆಂದು ಭಾವಿಸಲಾದ ಶಾಸನದಲ್ಲಿ ಏಕಾಂತದ ರಾಮಯ್ಯನ ಪವಾಡವಿದೆ. ರಾಮಯ್ಯನು ತಲೆಯನ್ನು ಅರಿದು ಶಿವನಿಗೆ ಒಪ್ಪಿಸಿ ಮರಳಿ ಪಡೆದರೆ ತಾವು ಸೋತಂತೆ ಎಂದು ಜೈನರು ಓಲೆಯಲ್ಲಿ ಬರೆದುಕೊಟ್ಟರು. ತಲೆ ಏಳನೆಯ ದಿನ ಮರಳಿ ಕೂಡಿತು. ಓಲೆಯಂತೆ ನಡೆಯಲು ಅವರು ಒಪ್ಪದಾಗ ಜಗಳ ಬಿಜ್ಜಳನವರೆಗೆ ಹೋಗಿ, ಅವನು ರಾಮಯ್ಯನಿಗೆ ಜಯಪತ್ರ ಕೊಟ್ಟನು. ಮುಂದೆ ಹಾನಗಲ್ಲ ಕದಂಬರ ಕಾಮದೇವನೂ ದತ್ತಿ ನೀಡಿದನು. ಇದು ಗೆದ್ದ ಪಕ್ಷದ ಬರಹ. ಎದುರು ಪಕ್ಷದ ಮಾತು ನಮಗೆ ಉಳಿದಿಲ್ಲ, ಮತ್ತು ಜೈನ–ಶೈವ ಸಂಘರ್ಷದ ಇತಿಹಾಸ ಇಲ್ಲಿನ ವಿಷಯವೂ ಅಲ್ಲ. ನನಗೆ ಮುಖ್ಯವಾಗುವುದು ಒಂದು ವಿವರ. ತಲೆ ಹೋಗಿ ತಲೆ ಬರುವಂಥ ಪವಾಡಕ್ಕೂ ಮೊದಲು ಒಂದು ಓಲೆ ಬೇಕಾಯಿತು. ಪವಾಡ ನಡೆದ ಮೇಲೆಯೂ ಓಲೆ ಸಾಲದೆ ಜಯಪತ್ರ ಬೇಕಾಯಿತು. ಜಯಪತ್ರವೂ ಸಾಲದೆ ಕಲ್ಲು ಬೇಕಾಯಿತು. ಅದ್ಭುತವನ್ನು ಕಾಗದಪತ್ರದಿಂದ ಬಿಗಿಯುವ ಈ ಮನೋಧರ್ಮ ಶಾಸನಕವಿಯದೂ ಹೌದು, ಎಮ್ಮೆಯ ಕಥೆ ಹೇಳಿದವರದೂ ಹೌದು. ಎರಡರಲ್ಲಿಯೂ ದೈವಶಕ್ತಿ ತಾನು ಬರೆದದ್ದಕ್ಕೆ ಅಥವಾ ಬರೆಸಿದ್ದಕ್ಕೆ ಕಟ್ಟುಬೀಳುತ್ತದೆ.

ಫ್ಲೀಟ್ ಅವರ ಹೆಸರು ಬಂದದ್ದರಿಂದ ಒಂದು ಮಾತು. ಅಬ್ಬಲೂರಿನ ಕಲ್ಲುಗಳನ್ನು ಓದಿದ ಇದೇ ವಿದ್ವಾಂಸರು ಕನ್ನಡ ಲಾವಣಿಗಳನ್ನೂ ಬರೆದುಕೊಂಡು 1885ರಿಂದ ‘ಇಂಡಿಯನ್ ಆ್ಯಂಟಿಕ್ವರಿ’ಯಲ್ಲಿ ಅಚ್ಚುಮಾಡಿದರು. ಶಾಸನಶಾಸ್ತ್ರ ಮತ್ತು ಜಾನಪದ ನಮ್ಮ ವಿಶ್ವವಿದ್ಯಾಲಯಗಳಲ್ಲಿ ಬೇರೆ ಬೇರೆ ಮಹಡಿಗಳನ್ನು ಹಿಡಿದದ್ದು ಆಮೇಲಿನ ಸಂಗತಿ.

ಲಿಪಿಕಾರರ ಹೆಸರಿನ ಪ್ರಶ್ನೆಯೂ ಉಳಿದಿದೆ. ಶಿಗ್ಗಾವಿ ತಾಲೂಕಿನ ಬಂಕಾಪುರದಲ್ಲಿ ಶಕ 820ರಲ್ಲಿ, ಅಂದರೆ ಕ್ರಿ.ಶ. 898ರ ಸುಮಾರಿಗೆ, ಲೋಕಾದಿತ್ಯನ ಆಳ್ವಿಕೆಯಲ್ಲಿ ಗುಣಭದ್ರರ ಉತ್ತರಪುರಾಣಕ್ಕೆ ಪೂಜೆ ಸಂದಿತೆಂದು ಆ ಗ್ರಂಥದ ಪ್ರಶಸ್ತಿ ಹೇಳುತ್ತದೆ. ಗ್ರಂಥವೊಂದನ್ನು ದೇವರಂತೆ ಅರ್ಚಿಸಿದ ಊರು. ಕವಿಯ ಹೆಸರಿದೆ, ಅರಸನ ಹೆಸರಿದೆ. ಮುಂದಿನ ಶತಮಾನದಲ್ಲಿ ಅತ್ತಿಮಬ್ಬೆ ಪೊನ್ನನ ಶಾಂತಿಪುರಾಣದ ಸಾವಿರ ಪ್ರತಿಗಳನ್ನು ಬರೆಯಿಸಿ ಹಂಚಿದಳು. ಆ ಸಾವಿರ ಪ್ರತಿಗಳಿಗೆ ಬೆನ್ನು ಬಾಗಿಸಿದವರಲ್ಲಿ ಒಬ್ಬರ ಹೆಸರೂ ನಮಗೆ ತಿಳಿಯದು. ಸಟವಿಗೆ ಹೆಸರಿದೆ, ಆದರೆ ಆಕೆಯ ಕಥೆ ಹೇಳಿದವರ ಹೆಸರುಗಳಲ್ಲಿ ಬಹಳಷ್ಟನ್ನು ನಾವು, ಅಂದರೆ ಸಂಗ್ರಾಹಕರು, ಬರೆದುಕೊಳ್ಳದೆ ಬಿಟ್ಟಿದ್ದೇವೆ. ‘ಒಬ್ಬ ಮುದುಕಿ ಹೇಳಿದ್ದು’ ಎಂಬ ಟಿಪ್ಪಣಿಯುಳ್ಳ ಹಾಳೆಗಳು ನನ್ನ ಸಂಗ್ರಹದಲ್ಲಿಯೂ ಇವೆ.

ಇಂದು ಹೆರಿಗೆಗಳು ಬಹುಮಟ್ಟಿಗೆ ಆಸ್ಪತ್ರೆಯಲ್ಲಿ ಆಗುತ್ತವೆ. ಬಸುರಿಯ ಕೈಗೆ ತಾಯಿ ಕಾರ್ಡು ಬರುತ್ತದೆ. ರಕ್ತದ ಪ್ರಮಾಣ, ಚುಚ್ಚುಮದ್ದಿನ ದಿನಾಂಕ, ಹುಟ್ಟಿದ ಕೂಸಿನ ತೂಕ ಇವನ್ನೆಲ್ಲ ಆರೋಗ್ಯ ಸಹಾಯಕಿ ಬರೆಯುತ್ತಾಳೆ. ನಾನು ನೋಡಿದ ಮನೆಯಲ್ಲಿ ಸಟವಿಯ ಖಾಲಿ ಹಾಳೆ ಗಾಳಿಗೆ ಹಾರದಿರಲೆಂದು ಆ ಕಾರ್ಡನ್ನೇ ಮಡಿಚಿ ಮೇಲೆ ಇಟ್ಟಿದ್ದರು. ಎರಡು ಬರಹಗಳಲ್ಲಿ ಒಂದನ್ನು ಆರಿಸಿಕೊಳ್ಳಬೇಕೆಂದು ಆ ಮನೆಯವರಿಗೆ ಅನಿಸಿರಲಿಲ್ಲ. ಕೂಸಿಗೆ ಹಾಕಿಸಬೇಕಾದ ಲಸಿಕೆಗಳ ದಿನಾಂಕಗಳು ಆ ಅತ್ತೆಯವರಿಗೆ ಬಾಯಿಪಾಠವಾಗಿದ್ದವು.

ಶಿಗ್ಗಾವಿ ತಾಲೂಕಿನ ಗೊಟಗೋಡಿಯಲ್ಲಿ ಕರ್ನಾಟಕ ಜಾನಪದ ವಿಶ್ವವಿದ್ಯಾಲಯ ಇರುವುದರಿಂದ ಈ ನಾಲ್ಕು ಕಡೆಯ ಸಟವಿಯ ಕಥೆಗಳನ್ನು ಪಾಠಪಾಠವಾಗಿ ಸಂಗ್ರಹಿಸುವ ಕೆಲಸ ಕಷ್ಟವಾಗಲಾರದು. ಸಂಗ್ರಹಿಸುವಾಗ ಮೂರು ಸಂಗತಿಗಳನ್ನು ಕೇಳಬೇಕು. ಬರೆಯುವವರು ಬ್ರಹ್ಮನೋ ಸಟವಿಯೋ. ಬರೆದದ್ದನ್ನು ಮೊದಲು ಓದಿದವರು ಯಾರು. ಮಗಳ ಕಥೆ ನೇಣಿನಲ್ಲಿ ಮುಗಿಯಿತೋ ತೊಟ್ಟಿಲಲ್ಲಿ ಮುಗಿಯಿತೋ. ಬೆಳಿಗ್ಗೆ ಆ ಹಾಳೆಯನ್ನು ಏನು ಮಾಡುತ್ತಾರೆಂಬುದನ್ನೂ ಕೇಳಬೇಕು. ನಾನು ಕೇಳುವುದನ್ನು ಮರೆತಿದ್ದೆ. ಎರಡನೆಯ ಸಲ ಹೋದಾಗ ಆ ಹಾಳೆಯ ಹಿಂಬದಿಯಲ್ಲಿ ಹಿರಿಯ ಮೊಮ್ಮಗಳು ಮಗ್ಗಿ ಬರೆಯುತ್ತ ಕುಳಿತಿದ್ದಳು.